ಲಾಳಿ ನಿಂತ ಜಾಗ

ಬಿಳೀದು, ಏನೋ ಒಂದು ಬಿಳೀದು ಬಲೆಯ ಮೇಲೆ ಹಾರಿ ಆಚೆ ಹೋಯಿತು, ಹಕ್ಕಿಯೇ ಇರಬೇಕು ಅಂದುಕೊಂಡಳು ದೇವಿರಮ್ಮ, ಅಲ್ಲ, ಹಕ್ಕಿಯಾದರೆ ಹೋದ ದಾರಿಯಲ್ಲೇ ಹೀಗೆ ಮರಳಿ ಬರುತ್ತದೆಯೇ, ಇಗೋ ಬಂತು, ಮತ್ತೆ ಹೋಯಿತು, ಪುಕ್ಕವಿದೆ, ರೆಕ್ಕೆಯಿಲ್ಲ, ಹೊಡೆದ ರಭಸಕ್ಕೆ ಮೇಲೇರಿ, ಅಲ್ಲೊಂದು ಗಳಿಗೆ ನಿಂತು, ಬೀಳಲೋ ಬೇಡವೋ ಎಂದು ಯೋಚಿಸಿದ ಹಾಗೆ ಮಾಡಿ, ಆಮೇಲೆ ಇಳಿಯುತ್ತದೆ, ಇಳಿಯುವಷ್ಟರಲ್ಲಿ ಈಚೆಯವಳ ಕೈಯ ಬ್ಯಾಟು ಬಂದು ತಟ್ಟುತ್ತದೆ — ಅಯ್ಯೋ, ಬಂದ ಕೆಲಸವೇ ಮರೆತುಹೋಯಿತಲ್ಲ. ಮಂಡ್ಯದ ಹೆಣ್ಣುಮಕ್ಕಳ ಸ್ಕೂಲಿನ ಹಿಂದಿನ ಬಯಲು, ಹೊಂಗೆಯ ನೆರಳು, ಸಕ್ಕರೆ ಕಾರ್ಖಾನೆಯ ಕಡೆಯಿಂದ ಕಾಕಂಬಿಯ ಹುಳಿ ವಾಸನೆ, ಮಳವಳ್ಳಿಯಿಂದ ಹೊರಟ ಬಸ್ಸು ಮದ್ದೂರಿನಲ್ಲಿ ಕೆಟ್ಟು ನಿಂತು, ಉಪಾಧ್ಯಾಯಿನಿ ತಿರುಮಲಮ್ಮನವರ ಸ್ಕೂಲು ಹುಡುಕಿಕೊಂಡು ಬರುವಷ್ಟರಲ್ಲಿ ಬಿಸಿಲು ಇಳಿದಿತ್ತು, ಜವಾನ ನಕ್ಕುಬಿಟ್ಟ, ಅಮ್ಮಾವ್ರು ಇಂದ್ಗಡೆ ಆಟ ಆಡ್ತಾವ್ರೆ, ಓಗಿ ಕುಂತ್ಕೊ ಓಗಮ್ಮ. ಆಟವಂತೆ! ಮೂವತ್ತು ದಾಟಿದ ಹೆಂಗಸರು, ಸೆರಗನ್ನು ಸೊಂಟಕ್ಕೆ ಬಿಗಿದು, ಚಪ್ಪಲಿ ಬಿಟ್ಟು, ಕೈಯನ್ನು ತಲೆಯ ಮೇಲಕ್ಕೆ ಎತ್ತಿ ಬೀಸುತ್ತಿದ್ದಾರೆ, ಯಾರಾದರೂ ಏನಾದರೂ ಅಂದುಕೊಂಡಾರು ಎಂಬ ಅಂಜಿಕೆ ಒಬ್ಬರ ಮುಖದಲ್ಲೂ ಇಲ್ಲ. ದೇವಿರಮ್ಮ ಅಟ್ಟದ ಮೇಲಿನ ಮಡಕೆ ಇಳಿಸುವಾಗ ಬಿಟ್ಟರೆ ಇನ್ನೆಂದು ತನ್ನ ಕೈಯನ್ನು ಅಷ್ಟೆತ್ತರಕ್ಕೆ ಎತ್ತಿದ್ದಳು, ನೆನಪಿಗೆ ಬರಲಿಲ್ಲ. ಹೇಳಬೇಕಾದ ಮಾತನ್ನು ದಾರಿಯುದ್ದಕ್ಕೂ ಬಾಯಿಪಾಠ ಮಾಡಿಕೊಂಡು ಬಂದಿದ್ದಳು, ನಿಮ್ ತಂಗಿಯೋರ ಮದ್ವೆ ಸೀರೆ ನಮ್ಮನೇಲಿ ಆಗಾಕಿಲ್ಲ ಅಮ್ಮಾವ್ರೆ, ಆಸು ಕುಯ್ದು ನಮ್ ಮೈದ್ನನ ಮನೇಲಿ ಮೊದ್ಲಿಂದ ನೇಯ್ತಾರೆ, ರೇಸ್ಮೆ ನಿಮ್ದು, ನೀವು ಊಂ ಅನ್ಬೇಕು. ಇಷ್ಟೇ ಮಾತು. ಇಷ್ಟನ್ನು ಹೇಳಿ ಕತ್ತಲಾಗುವ ಮೊದಲು ಬಸ್ಸು ಹಿಡಿಯಬೇಕು.

ಹಾಸು ಕುಯ್ಯುವುದು, ತಮ್ಮ ಬೀದಿಯಲ್ಲಿ ಅದು ಬರೀ ಮಾತಲ್ಲ, ನೇಯುವವನು ಉಸಿರಾಡುತ್ತಿರುವಾಗ ಅವನ ಮಗ್ಗದ ಹಾಸನ್ನು, ಬಿಗಿದು ಕಟ್ಟಿದ ಉದ್ದೆಳೆಗಳನ್ನು, ನಡುವೆ ಕುಯ್ಯುವುದಿಲ್ಲ, ಅವನು ಹೋದ ಮೇಲೆ, ಮನೆಯಿಂದ ಸೂತಕ ಕಳೆದ ಮೇಲೆ, ಹಿರಿಯರು ಬಂದು ಕುಯ್ಯುತ್ತಾರೆ, ಕುಯ್ದರೆ ಆಯಿತು, ಅವನು ಇಲ್ಲ ಎಂದು ಮಗ್ಗಕ್ಕೂ ಗೊತ್ತಾದಂತೆ. ಆದರೆ ಗಂಡ ಮರಿಸಿದ್ದಯ್ಯ ಇದ್ದಾನಲ್ಲ, ಉಸಿರಾಡುತ್ತಾನಲ್ಲ, ಗಂಜಿ ಬಾಯಿಗಿಟ್ಟರೆ ನುಂಗುತ್ತಾನಲ್ಲ. ಕಾರ್ತೀಕದಲ್ಲಿ, ದೀಪ ಹಚ್ಚುವುದಕ್ಕೆ ಮುಂಚೆ, ಅವಳು ರಾಟೆಯ ಮುಂದೆ ಕೂತು ಲಾಳಿಯೊಳಗೆ ಇಡುವ ಕಂಡಿಕೆಗೆ ನೂಲು ಸುತ್ತುತ್ತಿದ್ದಳು, ಮಗ್ಗದ ಸದ್ದು ಎಂದಿನಂತೆ, ತಟಕ್ ತಟಕ್, ಆ ಸದ್ದು ಮನೆಯಲ್ಲಿ ಎಷ್ಟು ಹಳೆಯದೆಂದರೆ ಕೇಳಿಸುತ್ತಲೇ ಇರಲಿಲ್ಲ, ನಿಂತಾಗಲೇ ಕೇಳಿಸಿದ್ದು. ತಿರುಗಿ ನೋಡಿದರೆ ಮಗ್ಗದ ಗುಂಡಿಯಲ್ಲಿ ಕೂತವನು ಬಲಗಡೆಗೆ ವಾಲಿದ್ದಾನೆ, ಬಾಯಿ ಸೊಟ್ಟಗಾಗಿದೆ, ಎಡಗೈ ಮಾತ್ರ ನೂಲು ಹೊತ್ತು ಬರುವ ಲಾಳಿಯನ್ನು ಹಿಡಿಯಲು ಚಾಚಿಕೊಂಡು ಹಾಗೇ ಇದೆ, ಲಾಳಿ ಬರಲಿಲ್ಲ, ಬಲಗೈ ಕೊಟ್ಟ ಕಸುವು ಸಾಲದೆ ಎಳೆಗಳ ನಡುವೆ ಅರ್ಧದಲ್ಲಿ ನಿಂತುಬಿಟ್ಟಿತ್ತು. ಅಲ್ಲೇ ಇದೆ ಇವತ್ತಿಗೂ. ತೆಗೆಯುವುದಕ್ಕೆ ಯಾರಿಗೂ ಕೈಬರಲಿಲ್ಲ. ಲಕ್ವ ಹೊಡೆದಿದೆ ಎಂದರು ಪಂಡಿತರು, ಆಸ್ಪತ್ರೆಯ ಡಾಕ್ಟರು ಕಣ್ಣಿನ ಮುಂದೆ ಬೆರಳು ಆಡಿಸಿ ನೋಡಿ ತಲೆಯಲ್ಲಾಡಿಸಿದರು, ಗಾಡಿ ಕಟ್ಟಿಸಿ ವೈದ್ಯನಾಥಪುರಕ್ಕೆ ಕರೆದೊಯ್ದು ಶಿಂಷೆಯ ನೀರು ತಲೆಗೆ ಹಾಕಿಸಿ, ಅಪ್ಪಾ ವೈದ್ಯನಾಥ, ಮಾತು ಬೇಡ, ನಡಿಗೆ ಬೇಡ, ಒಳಗೆ ಇದ್ದಾನೋ ಇಲ್ಲವೋ ಅಷ್ಟು ಮಾತ್ರ ನನಗೆ ತಿಳಿಸು ಅಂದಿದ್ದಳು. ಮನೆಯಲ್ಲಿ ಬೇರೆ ಜಾಗವಿಲ್ಲದೆ ಮಂಚವನ್ನು ಮಗ್ಗದ ಎದುರಿಗೇ ಹಾಕಿದ್ದು, ಅವನ ಕಣ್ಣು ತೆರೆದೇ ಇರುತ್ತದೆ, ಒಂದೇ ಕಡೆ, ಕರೆದರೂ ತಿರುಗುವುದಿಲ್ಲ, ಎದುರಿಗೆ ಹೋಗಿ ನಿಂತರೆ ಅವಳ ಮೈಯ ಒಳಗಿನಿಂದ ಹಾದುಹೋಗಿ ಆಚೆಯ ಗೋಡೆಯನ್ನು ನೋಡಿದಂತಿರುತ್ತದೆ.

ಮೈದುನ ಮಾದಯ್ಯ ಕೆಟ್ಟವನಲ್ಲ, ಹಾಗಂದರೆ ನಾಲಿಗೆ ಬಿದ್ದುಹೋದೀತು, ರಾಗಿ ತಂದು ಹಾಕಿದವನು, ಅಣ್ಣನನ್ನು ಹೊತ್ತು ಹಿತ್ತಲಿಗೆ ಕರೆದೊಯ್ದವನು, ಆದರೆ ಮೊನ್ನೆ ಹೊಸಿಲ ಮೇಲೆ ಕೂತು ಎಲೆಗೆ ಸುಣ್ಣ ಸವರುತ್ತ ಸವರುತ್ತ ಹೇಳಿದ, ಅತ್ಗೆಮ್ಮ, ಅಣ್ಣಯ್ಯಂಗೆ ಗ್ಯಾನ ಇಲ್ಲ ಕಣಮ್ಮ, ಇದ್ದೂ ಇಲ್ದಂಗೆ, ಮದ್ವೆ ಸೀರೆ ಇಂಗ್ ಅರ್ಧಕ್ ನಿಂತ್ರೆ ಆ ಎಣ್ಣುಮಗೀಗೆ ಒಳ್ಳೇದಾ, ನೀನ್ ಮಂಡ್ಯಕ್ಕೋಗಿ ಒಂದ್ ಮಾತ್ ಕೇಳ್ಕೊಂಡ್ ಬಾ, ಮಾರ್ನೆ ದಿನ ನಾನ್ ಬಂದು ಕುಯ್ತೀನಿ. ಅವಳು ಕೇಳಿದಳು, ಇದ್ದೂ ಇಲ್ದಂಗೆ ಅಂತ ಎಂಗ್ ಏಳ್ತೀಯೆ ಮಾದಯ್ಯ, ನೀನ್ ಒಳಕ್ಕೋಗಿ ನೋಡ್ಕಂಡ್ ಬಂದಿದ್ದೀಯಾ. ಅವನು ಎಲೆ ಬಾಯಿಗೆ ಹಾಕಿಕೊಳ್ಳದೆ ಕೈಯಲ್ಲೇ ಹಿಡಿದು ಕೂತ, ಕಣ್ಣಲ್ಲಿ ನೀರು ತುಂಬಿಕೊಂಡ, ನಂಗೂ ಅಣ್ಣನೇ ಕಣಮ್ಮ ಅಂದ. ಅವನ ಮೇಲೆ ಸಿಟ್ಟು ಮಾಡಿಕೊಳ್ಳುವುದಕ್ಕೂ ಆಗದೆ, ನಿಜ ಎಂದು ಒಪ್ಪುವುದಕ್ಕೂ ಆಗದೆ ಅವಳು ಒಳಗೆ ಹೋಗಿ ಮುದ್ದೆಗೆ ಎಸರಿಟ್ಟಿದ್ದಳು — ಟಪ್! ಕಾಲ ಬುಡದಲ್ಲೇ ಬಿತ್ತು, ಆ ಬಿಳೀದು, ಆಟದವರೆಲ್ಲ ಇತ್ತ ತಿರುಗಿದರು, ಹಿಡಿ ತಪ್ಪಿತಲ್ಲೇ ಎಂದು ಯಾರೋ ಯಾರನ್ನೋ ಛೇಡಿಸಿದರು, ದೇವಿರಮ್ಮ ಬಗ್ಗಿ ಎತ್ತಿಕೊಂಡಳು, ಅಬ್ಬಾ, ಭಾರವೇ ಇಲ್ಲ, ಬುಡದಲ್ಲಿ ಬೆರಳ ತುದಿಯಷ್ಟು ಬೆಂಡು, ಸುತ್ತ ಪುಕ್ಕ, ಪುಕ್ಕ ಕದಲದಂತೆ ಸುತ್ತಿ ಕಟ್ಟಿದ ದಾರ, ದಾರ ಕಟ್ಟಿದವರು ಬಲ್ಲವರು, ಮಣ್ಣು ಊದಿದಳು, ಎರಡು ಕಣ್ಣಿಗೂ ಒತ್ತಿಕೊಂಡಳು.

ನಗು ಬಂತು ಬಯಲ ಕಡೆಯಿಂದ, ಕೆಟ್ಟ ನಗುವಲ್ಲ, ಆದರೂ ನಗುವೇ, ಅಯ್ಯೋ ನೋಡ್ರೇ ಪೂಜೆ ಮಾಡ್ತಿದ್ದಾಳೆ! ದೇವಿರಮ್ಮನಿಗೆ ಕಿವಿ ಬಿಸಿಯಾಯಿತು, ಕೈ ತಾನಾಗಿ ಮಾಡಿದ್ದು ಅದು, ಯೋಚನೆ ಮಾಡಿ ಮಾಡಿದ್ದಲ್ಲ, ತಮ್ಮ ಮನೆಯಲ್ಲಿ ಲಾಳಿ ನೆಲಕ್ಕೆ ಬಿದ್ದರೆ ಕಣ್ಣಿಗೊತ್ತಿಕೊಳ್ಳದೆ ಮಗ್ಗಕ್ಕೆ ಕೊಡುವುದಿಲ್ಲ, ಮಕ್ಕಳು ನಡೆಯಲು ಕಲಿಯುವ ಮೊದಲೇ ಕಲಿಯುವುದು ಅದನ್ನು, ಆದರೆ ಇದೇನು ಲಾಳಿಯೇ, ಆಟದ ಸಾಮಾನು, ಕೈಗೆ ಏನು ಗೊತ್ತು. ತಿರುಮಲಮ್ಮನವರು ಬ್ಯಾಟು ಕಂಕುಳಲ್ಲಿ ಇರುಕಿಕೊಂಡು, ಸೆರಗಿನಿಂದ ಕತ್ತು ಒರೆಸಿಕೊಳ್ಳುತ್ತ ಬಂದರು, ಬಾಲ್ಯದಲ್ಲೇ ಗಂಡನನ್ನು ಕಳೆದುಕೊಂಡು ಹಟ ಹಿಡಿದು ಓದಿದವರು ಎಂದು ಇವರ ಬಗ್ಗೆ ಕೇಳಿದ್ದಳು, ನೋಟ ನೇರ, ಯಾಕಮ್ಮ ಕಣ್ಣಿಗೊತ್ತಿಕೊಂಡೆ ಎಂದು ನಗದೆಯೇ ಕೇಳಿದರು. ತಪ್ಪಾಯ್ತು ಅಮ್ಮಾವ್ರೆ, ನಮ್ ಮನೇಲಿ ಲಾಳಿ ಬಿದ್ರೆ ಇಂಗೇ ಮಾಡೋದು, ರೂಡಿ, ಕೈ ಸುಮ್ಕಿರ್ನಿಲ್ಲ. ಲಾಳಿ ಬಿದ್ದರೆ! ತಿರುಮಲಮ್ಮನವರು ಆ ಮಾತನ್ನೇ ಇನ್ನೊಮ್ಮೆ ಹೇಳಿ ಅಲ್ಲೇ ಹೊಂಗೆಯ ಬುಡದಲ್ಲಿ ಕೂತುಬಿಟ್ಟರು, ಆಟ ನಿಂತಿತು, ಅವರು ಅವಳ ಕೈಯಿಂದ ಅದನ್ನು ತೆಗೆದುಕೊಂಡು ಪಾಠ ಹೇಳುವವರ ಹಾಗೆ ಎತ್ತಿ ಹಿಡಿದರು, ನೋಡಮ್ಮ, ಇದಕ್ಕೆ ಶಟಲ್ ಕಾಕ್ ಅನ್ನುತ್ತಾರೆ, ನಾವು ಸುಮ್ಮನೆ ಶಟಲ್ ಅಂತೇವೆ, ಕಾಕ್ ಅಂದರೆ ಹುಂಜ, ಈ ಪುಕ್ಕ ಇದೆಯಲ್ಲ ಅದಕ್ಕೆ, ಶಟಲ್ ಅಂದರೆ ಏನು ಗೊತ್ತೇ, ಲಾಳಿ, ನಿಮ್ಮ ಮಗ್ಗದ ಲಾಳಿಗೇ ಅವರ ಭಾಷೆಯಲ್ಲಿ ಶಟಲ್ ಅನ್ನೋದು, ಅತ್ತಿಂದಿತ್ತ ಇತ್ತಿಂದತ್ತ ಲಾಳಿಯ ಹಾಗೆ ಹೋಗಿ ಬರುತ್ತದೆ ಅಂತ ಇದಕ್ಕೂ ಆ ಹೆಸರನ್ನೇ ಇಟ್ಟರು, ನಾನು ದೊಡ್ಡ ನಿಘಂಟಿನಲ್ಲಿ ಹುಡುಕಿ ನೋಡಿದ್ದೆ, ಆ ಮಾತು ಮಗ್ಗಕ್ಕೆ ಬರುವುದಕ್ಕೂ ಮುಂಚೆ, ಬಹಳ ಹಿಂದೆ, ಬಾಣ ಅಂತ ಅರ್ಥ ಇತ್ತಂತೆ, ಬಿಲ್ಲಿನಿಂದ ಬಿಡುವ ಬಾಣ.

ಬಾಣ. ಬಾಣ ಲಾಳಿಯಾಯಿತು, ಲಾಳಿ ಈ ಪುಕ್ಕದ ಗೊಂಬೆಯಾಯಿತು, ಕೊಲ್ಲುತ್ತಿದ್ದದ್ದು ಬಟ್ಟೆ ಉಡಿಸಿತು, ಬಟ್ಟೆ ಉಡಿಸಿದ್ದು ಈಗ ಹೆಂಗಸರನ್ನು ನಗಿಸುತ್ತಿದೆ, ಅದೇ ಮಾತು, ಒಂದೇ ಮಾತು, ಎಷ್ಟು ಜನರ ಬಾಯಿ ಹಾದು, ಯಾವ ಸಮುದ್ರ ದಾಟಿ ಈ ಹೊಂಗೆಯ ಕೆಳಗೆ ಬಂದು ಕೂತಿದೆ. ಮಾವ ಹೇಳುತ್ತಿದ್ದ, ದೇವಲ ಮಹರ್ಷಿ ವಿಷ್ಣುವಿನ ಹೊಕ್ಕುಳ ತಾವರೆಯ ದಂಟಿನಿಂದ ನೂಲು ತಂದ ಕಥೆ, ನೂಲು ಎಲ್ಲಿಂದ ಬಂತು ಎನ್ನುವುದು ತಮ್ಮ ಬೀದಿಯ ಎಲ್ಲರಿಗೂ ಗೊತ್ತು, ಲಾಳಿಯ ಹೆಸರು ಎಲ್ಲಿಂದ ಬಂತು ಎಂದು ಒಬ್ಬರೂ ಕೇಳಲಿಲ್ಲ, ಹೆಸರಿಗೂ ಹುಟ್ಟೂರು ಇರುತ್ತದೆಯೇ, ಹೆಸರೂ ಹೆಣ್ಣುಮಗಳ ಹಾಗೆ ಒಂದು ಮನೆಯಲ್ಲಿ ಹುಟ್ಟಿ ಇನ್ನೊಂದು ಮನೆಗೆ ಸೇರುತ್ತದೆಯೇ. ಮತ್ತೆ ಈ ಆಟಕ್ಕೆ ಆ ಹೆಸರು ಇಟ್ಟವರು ಯಾರು, ರಾಜರಲ್ಲ, ದೊರೆಸಾನಿಯರಲ್ಲ, ಅವರಿಗೆ ಲಾಳಿ ಹೇಗೆ ಓಡುತ್ತದೆ ಎಂದು ಏನು ಗೊತ್ತು, ಅದು ಯಾರೋ ಮಗ್ಗದ ಮನೆಯವಳೇ ಇರಬೇಕು, ತನ್ನ ಹಾಗೆ ಒಂದು ಮರದ ಬುಡದಲ್ಲಿ ಕೂತು ನೋಡಿದವಳು, ಓಹೋ ಇದು ನಮ್ಮ ಲಾಳಿ ಅಲ್ಲವಾ ಎಂದು ಬಾಯಿ ಬಿಟ್ಟು ಅಂದವಳು, ಬಿಳಿಯ ಮೈ, ಬೇರೆ ಭಾಷೆ, ಅವಳ ಗಂಡನೂ ಗುಂಡಿಯಲ್ಲಿ ಕೂರುತ್ತಿದ್ದನೋ ಏನೋ, ಅವಳೂ ಎಳೆ ಸುತ್ತುತ್ತಲೇ ಮುದುಕಿಯಾದಳೋ ಏನೋ, ಹೆಸರು ಮಾತ್ರ ಉಳಿಯಿತು. ಕಣ್ಣು ಒದ್ದೆಯಾಯಿತು ದೇವಿರಮ್ಮನಿಗೆ, ಕಾಣದ ಊರಿನ ಆ ಹೆಂಗಸಿನ ಮೇಲೆ ಸ್ವಂತ ಅಕ್ಕನ ಮೇಲೆ ಬರುವಷ್ಟು ಪ್ರೀತಿ ಉಕ್ಕಿ ಬಂತು. ತಿರುಮಲಮ್ಮನವರ ತೊಡೆಯ ಮೇಲೆ ಬ್ಯಾಟು, ಅದನ್ನು ಈಗ ಹತ್ತಿರದಿಂದ ನೋಡಿದಳು, ಶಿವನೇ, ಅದರೊಳಗೂ ಉದ್ದಕ್ಕೆ ಹಾಸು, ಅಡ್ಡಕ್ಕೆ ಹೊಕ್ಕು, ಒಂದು ತಂತಿ ಮೇಲೆ ಹೋದರೆ ಪಕ್ಕದ್ದು ಕೆಳಗೆ, ಯಾರೋ ಕೂತು ಒಂದೊಂದೇ ಎಳೆ ದಾಟಿಸಿ ನೇಯ್ದಿದ್ದಾರೆ, ಬೆರಳಿಟ್ಟು ಸವರಿದಳು, ಬಿಗಿ ಸರಿಯಾಗಿದೆ.

ಅದಿರಲಿ, ಏನು ಬಂದದ್ದು, ಸೀರೆ ಆಯಿತೇ, ಮರಿಸಿದ್ದಯ್ಯ ಹೇಗಿದ್ದಾರೆ ಎಂದರು ತಿರುಮಲಮ್ಮನವರು. ಬಾಯಿಪಾಠ ಮಾಡಿದ ಮಾತು ನಾಲಿಗೆಯ ತುದಿಗೆ ಬಂತು, ಆಗಾಕಿಲ್ಲ ಅಮ್ಮಾವ್ರೆ, ಆಸು ಕುಯ್ದು, ಆದರೆ ಹೊರಟದ್ದು ಬೇರೆಯೇ ಮಾತು, ಬೇರೆ ಯಾರೋ ಆಡಿದ ಹಾಗೆ ಅವಳಿಗೇ ಕೇಳಿಸಿತು, ಯಜಮಾನ್ರು ಅಂಗೇ ಅವ್ರೆ, ಸೀರೆ ಅರ್ಧ ಆಗ್ಯದೆ, ಮಿಕ್ಕಿದ್ದು ನಾನೇ ನೇಯ್ಕೊಡ್ತೀನಿ. ನಿನಗೆ ಬರುತ್ತದೆಯೇ? ಗೊತ್ತಿಲ್ಲ ಅಮ್ಮಾವ್ರೆ, ನಮ್ಮನೇಲಿ ಎಂಗುಸ್ರು ಲಾಳಿ ಒಗೆಯಂಗಿಲ್ಲ, ಸುಮ್ನೆ ನೋಡಿದ್ದೀನಿ ಅಷ್ಟೇಯ. ತಿರುಮಲಮ್ಮನವರು ತೊಡೆಯ ಮೇಲಿನ ಬ್ಯಾಟನ್ನು ಎತ್ತಿ ತೋರಿಸಿದರು, ನಾನು ಬ್ಯಾಟು ಹಿಡಿದಾಗ ನಮ್ಮ ಮನೆಯಲ್ಲಿ ನನ್ನ ಜೊತೆ ಮಾತು ಬಿಟ್ಟಿದ್ದರು ಕಣಮ್ಮ, ಮೊದಲ ದಿನ ಒಂದೂ ತಗುಲಲಿಲ್ಲ, ಗಾಳಿಗೇ ಹೊಡೆದದ್ದು, ಅಂಚು ಸೊಟ್ಟಗಾದರೆ ಆಗಲಿ, ನಮ್ಮ ತಂಗಿ ಉಡುತ್ತಾಳೆ, ನಾನು ಉಡಿಸುತ್ತೇನೆ ಎಂದರು. ಆಮೇಲೆ ಬಸ್ಸು, ಮದ್ದೂರು, ಮದ್ದೂರಿನಲ್ಲಿ ಮಜ್ಜಿಗೆ ಕುಡಿದದ್ದು, ಕಾಳಮುದ್ದನದೊಡ್ಡಿಯ ಹತ್ತಿರ ಕಬ್ಬಿನ ಗಾಡಿಗಳು ಅಡ್ಡ ಬಂದು ಡ್ರೈವರು ಬೈದದ್ದು, ಎಲ್ಲ ಕನಸಿನ ಹಾಗೆ, ನಾನು ಏನಂದೆ, ಯಾಕಂದೆ, ಮದುವೆಯಾಗಿ ಬಂದ ಹೊಸದರಲ್ಲಿ ಒಂದು ಮಧ್ಯಾಹ್ನ ಮಗ್ಗದ ಹತ್ತಿರ ಯಾರೂ ಇಲ್ಲವೆಂದು ಲಾಳಿ ಕೈಗೆತ್ತಿಕೊಂಡಿದ್ದೆ, ನುಣ್ಣಗಿತ್ತು, ಅತ್ತೆ ಬೆಟ್ಟಮ್ಮ ಎಲ್ಲಿದ್ದಳೋ ಬಂದು ಕಿತ್ತುಕೊಂಡಳು, ಏನೇ ಗಂಡ್ಬೀರಿ, ಮನೆ ಮುಳುಗ್ಸೋಕ್ ಬಂದಿದ್ದೀಯಾ, ಬಾಗಿಲಲ್ಲಿ ನಿಂತಿದ್ದ ಮರಿಸಿದ್ದಯ್ಯ ಅಮ್ಮನಿಗೂ ಏನೂ ಅನ್ನಲಿಲ್ಲ, ನನಗೂ ಅನ್ನಲಿಲ್ಲ, ಗುಂಡಿಗಿಳಿದು ನೇಯುತ್ತ ಕೂತ, ಅವನ ಮನಸ್ಸಿನಲ್ಲಿ ಏನಿತ್ತೆಂದು ಇಷ್ಟು ವರ್ಷ ಕೇಳಲಿಲ್ಲ, ಕೇಳಬಹುದಾಗಿದ್ದಾಗ ಕೇಳಲಿಲ್ಲ, ಈಗ ಕೇಳಿದರೆ ಹೇಳುವುದಕ್ಕೆ ನಾಲಿಗೆಯಿಲ್ಲ. ಅವನಿಗೆ ಬೇಡವಾಗಿದ್ದರೆ? ಒಳಗೆ ಇದ್ದು, ಎಲ್ಲವನ್ನೂ ನೋಡುತ್ತ, ಬೇಡ ಬೇಡ ಎಂದು ಕೂಗುತ್ತ, ಆ ಕೂಗು ಹೊರಗೆ ಬಾರದೆ — ಇಲ್ಲ, ಅದಕ್ಕಿಂತ ಭಯದ್ದು, ಒಳಗೆ ಯಾರೂ ಇಲ್ಲದೇ ಇದ್ದರೆ, ತಾನು ಲಾಳಿ ಎಸೆಯುವುದನ್ನು ನೋಡಿ ಸಿಟ್ಟಾಗುವುದಕ್ಕೂ ಯಾರೂ ಇಲ್ಲದೇ ಇದ್ದರೆ.

ಮಾರನೆಯ ದಿನದ ಬೆಳಕು ಹರಿದಿದೆ, ಬೆಳಕಿಂಡಿಯಿಂದ ಬಂದ ಬಿಸಿಲು ಹಾಸಿನ ಮೇಲೆ ಬಿದ್ದು ಕೆಂಪು ರೇಷ್ಮೆ ಹೊಳೆಯುತ್ತಿದೆ, ಗಂಡನ ಮುಖ ತೊಳೆಸಿದ್ದಾಯಿತು, ಗಂಜಿ ಕುಡಿಸಿದ್ದಾಯಿತು, ದಿಂಬಿಗೆ ಒರಗಿಸಿ ಕೂರಿಸಿದ್ದಾಯಿತು, ಕಣ್ಣು ಎಂದಿನ ಹಾಗೆ ಎದುರಿಗೆ. ದೇವಿರಮ್ಮ ಸೆರಗನ್ನು ಸೊಂಟಕ್ಕೆ ಬಿಗಿದಳು, ಮಂಡ್ಯದವರ ಹಾಗೆ, ನಾಚಿಕೆಯಾಯಿತು, ಆದರೂ ಬಿಗಿದಳು, ಗುಂಡಿಗೆ ಕಾಲು ಇಳಿಬಿಟ್ಟಳು, ತಣ್ಣಗಿದೆ, ಅವನ ಅಂಗಾಲು ಸವೆಸಿದ ಹಲಗೆ ಅವಳ ಅಂಗಾಲಿಗೆ ದೊಡ್ಡದಾಯಿತು. ಹೊರಗೆ ಚಪ್ಪಲಿಯ ಸದ್ದು, ಮಾದಯ್ಯನದೇ, ಅತ್ಗೆಮ್ಮ, ಏನಂದ್ರು ಅವ್ರು, ಎನ್ನುತ್ತ ಒಳಬಂದವನ ಕೈಯಲ್ಲಿ ಕತ್ತರಿ, ಗುಂಡಿಯಲ್ಲಿ ಕೂತವಳನ್ನು ನೋಡಿ ಬಾಗಿಲಲ್ಲೇ ನಿಂತ, ಅಯ್ಯಯ್ಯೋ ಏನ್ ಮಾಡ್ತಿದ್ದೀಯೆ, ಮೇಲೇಳಮ್ಮ, ಯಾರಾರಾ ನೋಡಿದ್ರೆ ಏನಂದಾರು. ಸುಮ್ಕಿರು ಮಾದಯ್ಯ, ನಿಮ್ಮಣ್ಣಂಗ್ ಬೇಡ ಅಂದ್ರೆ ಅವ್ರೇ ಏಳ್ಲಿ. ಎಳೆಗಳ ನಡುವೆ ಕೈ ತೂರಿಸಿದಳು, ಅರ್ಧದಲ್ಲಿ ನಿಂತ ಲಾಳಿ ಬೆರಳಿಗೆ ಸಿಕ್ಕಿತು, ಧೂಳು, ಎಷ್ಟು ದಿನದ ಧೂಳು, ಹೊರಗೆ ಎಳೆದುಕೊಂಡಳು, ಕಾಲಿನಿಂದ ಹಲಗೆ ಒತ್ತಿದಳು, ಎಳೆಗಳು ಬಾಯಿ ತೆರೆದವು, ಎಸೆದಳು, ಹೋಯಿತು, ಓಡಿ ಹೋಯಿತು, ಎಡಗೈ ತಾನಾಗಿ ಹೋಗಿ ಹಿಡಿಯಿತು, ನೋಡಿ ನೋಡಿಯೇ ಕಲಿತ ಕೈ, ಎಳೆಯನ್ನು ಒತ್ತಿ ಕೂರಿಸುವ ಹಣಿಗೆ ಎಳೆದು ಬಡಿದಳು, ತಟಕ್, ಆ ಸದ್ದು, ಮನೆಯಲ್ಲಿ ಆ ಸದ್ದು, ಇನ್ನೊಮ್ಮೆ, ಎಡದಿಂದ ಬಲಕ್ಕೆ, ಒಂದು ಎಳೆ ಸಡಿಲವಾಯಿತು, ಆಗಲಿ, ತಟಕ್, ಅತ್ಗೆ, ಎಂದ ಮಾದಯ್ಯ, ಅಷ್ಟೇ, ದನಿ ಬೇರೆಯಾಗಿತ್ತು, ಅವನು ನೋಡುತ್ತಿದ್ದದ್ದು ಅವಳನ್ನಲ್ಲ, ಮಂಚದ ಕಡೆ. ದೇವಿರಮ್ಮ ತಲೆಯೆತ್ತಿದಳು. ಮರಿಸಿದ್ದಯ್ಯನ ಕಣ್ಣು ಲಾಳಿ ನಿಂತಿದ್ದ ಜಾಗದಲ್ಲಿ ಇರಲಿಲ್ಲ. ಅಷ್ಟು ದಿನ ಅವನು ಗೋಡೆಯನ್ನು ನೋಡುತ್ತಿರಲಿಲ್ಲ, ಅವಳ ಮೈ ತೂರಿಕೊಂಡು ಆಚೆ ನೋಡುತ್ತಿದ್ದದ್ದು ಈ ನಿಂತ ಲಾಳಿಯನ್ನೇ, ಅಯ್ಯೋ ನನ್ನಪ್ಪ, ಅಷ್ಟೂ ದಿನ ಅದನ್ನೇ, ಈಗ ಕಣ್ಣು ಅವಳ ಬಲಗೈಯ ಮೇಲಿತ್ತು, ಲಾಳಿಯ ಮೇಲೆ. ಎಸೆದಳು. ಕಣ್ಣು ಎಡಕ್ಕೆ ಹೋಯಿತು. ಎಸೆದಳು. ಬಲಕ್ಕೆ ಬಂತು. ಎಡಕ್ಕೆ. ಬಲಕ್ಕೆ. ಅವಳ ಕೈ ಲಾಳಿ ಹಿಡಿದುಕೊಂಡೇ ನಿಂತಿತು, ಕಣ್ಣೂ ಅಲ್ಲೇ ನಿಂತಿತು, ಕಾಯುತ್ತಿತ್ತು.